ವೈಜಯಂತಿಯ ನಾಲ್ಕನೆಯ ಎಲ್‌ಎಲ್

ಅಂಕೋಲೆಯಲ್ಲಿ ಕಾರು ಓಡಿಸುವ ಹೆಂಗಸರಲ್ಲಿ ಅರ್ಧಕ್ಕರ್ಧ ಜನ ಜಗದೀಶ ಹರಿಕಂತ್ರನ ಕೈಯಲ್ಲಿ ಕಲಿತವರು. ಹೈಸ್ಕೂಲಿನ ಟೀಚರುಗಳು, ಬ್ಯಾಂಕಿನವರು, ಮಾವಿನ ವ್ಯಾಪಾರಿಯ ಇಬ್ಬರು ಸೊಸೆಯಂದಿರು, ಅಗಸೂರಿನ ನರ್ಸಮ್ಮ, ಎಲ್ಲರೂ ಅವನ ಬಿಳಿ ಕಾರಿನಲ್ಲಿ ಕೇಣಿ ರಸ್ತೆಯ ಮೇಲೆ ಹಾಫ್ ಕ್ಲಚ್ ಎಂದರೇನೆಂದು ತಿಳಿದವರೇ. ಮೇ ತಿಂಗಳು ಬಂತೆಂದರೆ ಅವರಲ್ಲೊಬ್ಬರಾದರೂ ಬುಟ್ಟಿ ತುಂಬ ಇಶಾಡು ಮಾವಿನಹಣ್ಣು ತಂದು ಅವನ ಮನೆ ಜಗಲಿಯ ಮೇಲಿಟ್ಟು ಹೋಗುತ್ತಿದ್ದರು. ಆ ಹಣ್ಣನ್ನು ಒಳಗೆ ಒಯ್ದು, ತೊಳೆದು, ಹೆಚ್ಚಿ ಕೊಡುತ್ತಿದ್ದ ಅವನ ಹೆಂಡತಿ ವೈಜಯಂತಿಗೆ ಮಾತ್ರ ಕಾರು ಓಡಿಸಲು ಬರುತ್ತಿರಲಿಲ್ಲ.

ಜಗದೀಶ ಕೇಣಿಯ ಮೀನುಗಾರರ ಮನೆಯವನು. ಹದಿನಾರು ವರ್ಷಕ್ಕೇ ಅಪ್ಪ ಅವನನ್ನು ದೋಣಿಗೆ ಹತ್ತಿಸಿದ್ದರು. ಆದರೆ ದಡ ಕಣ್ಮರೆಯಾದೊಡನೆ ಅವನಿಗೆ ವಾಂತಿ ಶುರುವಾಗುತ್ತಿತ್ತು. ಮೂರು ಹಂಗಾಮು ಹಾಗೆಯೇ ಕಳೆದ ಮೇಲೆ ಅಪ್ಪನೇ ಸೋತು, ಈ ಹುಡುಗನಿಗೆ ನೀರು ಆಗಿಬರುವುದಿಲ್ಲ ಎಂದು ಮೀನು ಲಾರಿಯವನೊಬ್ಬನ ಜೊತೆ ಕ್ಲೀನರ್ ಆಗಿ ಕಳಿಸಿಬಿಟ್ಟರು. ಅಲ್ಲಿಂದ ಅವನು ಡ್ರೈವರ್ ಆದ. ಗೋವಾ, ರತ್ನಾಗಿರಿ ಎಂದು ಹದಿನೈದು ವರ್ಷ ಮಂಜುಗಡ್ಡೆ ತುಂಬಿದ ಲಾರಿ ಓಡಿಸಿದ. ಮಗಳು ಅಮಿತಾ ಶಾಲೆಗೆ ಹೋಗಲು ಶುರು ಮಾಡಿದ ಮೇಲೆ ದೂರದ ತಿರುಗಾಟ ಸಾಕೆನಿಸಿ, ಅಂಕೋಲಾ ಬಸ್‌ಸ್ಟ್ಯಾಂಡಿನ ಹಿಂದೆ ಒಂದು ಕೋಣೆ ಹಿಡಿದು ಡ್ರೈವಿಂಗ್ ಸ್ಕೂಲ್ ತೆರೆದ.

ಕಲಿಸುವುದರಲ್ಲಿ ಅವನಿಗೆ ಹೆಸರು ಬಂದದ್ದು ತಾಳ್ಮೆಗೆ. ಬಾಳೆಗುಳಿ ಕ್ರಾಸಿನ ನಡುಮಧ್ಯೆ ಎಂಜಿನ್ ಹತ್ತು ಸಲ ನಿಂತರೂ, ಹಿಂದೆ ಬಸ್ಸಿನವನು ಹಾರನ್ ಒತ್ತಿ ಒತ್ತಿ ಕಿವಿ ಕಿವುಡಾದರೂ, ಜಗದೀಶ ದನಿ ಏರಿಸುತ್ತಿರಲಿಲ್ಲ. "ಅಡ್ಡಿಲ್ಲೆ, ಮತ್ತೊಂದು ಸಲ ಸ್ಟಾರ್ಟ್ ಮಾಡಿ" ಎನ್ನುತ್ತಿದ್ದ. ಕಲಿಯುವವರ ಪಕ್ಕದ ಸೀಟಿನ ಕೆಳಗೂ ಒಂದು ಬ್ರೇಕ್ ಇರುತ್ತದಲ್ಲ, ಅದರ ಮೇಲಿಂದ ಅವನ ಕಾಲು ಯಾವತ್ತೂ ಕದಲುತ್ತಿರಲಿಲ್ಲ.

ವೈಜಯಂತಿ ದೇವಬಾಗದವಳು. ಕಾಳಿ ನದಿ ಸಮುದ್ರ ಸೇರುವಲ್ಲಿ, ಗಾಳಿಮರಗಳ ನೆರಳಿನಲ್ಲಿ ಅವಳ ತವರುಮನೆ. ಅಂಕೋಲೆಯಿಂದ ಅಲ್ಲಿಗೆ ಹೋಗಬೇಕೆಂದರೆ ಕಾರವಾರದ ತನಕ ಒಂದು ಬಸ್ಸು, ಅಲ್ಲಿ ಕಾದು ಇನ್ನೊಂದು ಬಸ್ಸು, ಆಮೇಲೆ ಸಿಕ್ಕರೆ ರಿಕ್ಷಾ, ಇಲ್ಲದಿದ್ದರೆ ನಡಿಗೆ. ಒಟ್ಟು ಅರ್ಧ ದಿನದ ಕೆಲಸ. ಕಾರಿನಲ್ಲಾದರೆ ಒಂದು ತಾಸು ಸಾಕು. ಈ ಲೆಕ್ಕ ಜಗದೀಶನಿಗೂ ಗೊತ್ತಿತ್ತು. ಅದಕ್ಕೇ ಅವಳು ತವರಿನ ಮಾತೆತ್ತಿದಾಗಲೆಲ್ಲ, ಈ ಭಾನುವಾರ ನಾನೇ ಕರಕೊಂಡು ಹೋಗುತ್ತೇನೆ ಎನ್ನುತ್ತಿದ್ದ. ಎಷ್ಟೋ ಭಾನುವಾರ ಕರೆದುಕೊಂಡು ಹೋಗಿಯೂ ಇದ್ದ. ಆದರೆ ಭಾನುವಾರವೇ ನೌಕರಿಯವರು ಕಲಿಯಲು ಬರುವ ದಿನವಾದ್ದರಿಂದ, ತಪ್ಪಿಹೋದವೇ ಹೆಚ್ಚು.

ಅವಳು ಮೊದಲ ಸಲ ಎಲ್‌ಎಲ್ ಮಾಡಿಸಿಕೊಡಿ ಎಂದದ್ದು ಎರಡು ಸಾವಿರದ ಹದಿನಾರರಲ್ಲಿ. ಎಲ್‌ಎಲ್ ಎಂದರೆ ಕಲಿಯುವವರಿಗೆ ಕೊಡುವ ಲೈಸೆನ್ಸು. ಅದರ ಆಯಸ್ಸು ಆರೇ ತಿಂಗಳು. ಒಂದು ತಿಂಗಳು ಕಳೆದ ಮೇಲೆ ಯಾವಾಗ ಬೇಕಾದರೂ ಕಾರವಾರಕ್ಕೆ ಹೋಗಿ ಬ್ರೇಕ್ ಇನ್ಸ್‌ಪೆಕ್ಟರರ ಎದುರು ಗಾಡಿ ಓಡಿಸಿ ತೋರಿಸಿದರೆ ಪಕ್ಕಾ ಲೈಸೆನ್ಸು ಸಿಗುತ್ತದೆ. ಆರು ತಿಂಗಳು ಮೀರಿತೋ, ಮತ್ತೆ ಮೊದಲಿಂದ ಅರ್ಜಿ ಹಾಕಬೇಕು. ಜಗದೀಶ ನಗುತ್ತಲೇ ಮಾಡಿಸಿಕೊಟ್ಟ. ರಸ್ತೆ ಚಿಹ್ನೆಗಳ ಪುಸ್ತಕವನ್ನು ಅವಳು ಒಲೆಯ ಮುಂದೆ ಕೂತು ಓದಿದಳು, ಪರೀಕ್ಷೆಯಲ್ಲಿ ಪಾಸೂ ಆದಳು. ಆಮೇಲೆ ಪ್ರತಿದಿನ ಬೆಳಿಗ್ಗೆ ಅವನು ಹೊರಡುವಾಗ ಇವತ್ತು ಬರಲೇ ಎಂದು ಕೇಳುವಳು. ಇವತ್ತು ಟೀಚರದ್ದು ಟೆಸ್ಟ್ ಹತ್ತಿರ ಬಂದಿದೆ, ನಾಳೆ ನೋಡೋಣ ಎಂದು ಅವನು ಹೇಳುವನು. ಆರು ತಿಂಗಳು ಹಾಗೆಯೇ ಕಳೆದುಹೋಯಿತು. ಅವಧಿ ಮುಗಿದದ್ದು ಅವನಿಗೆ ಗೊತ್ತೇ ಆಗಲಿಲ್ಲ. ಅವಳಿಗೆ ಗೊತ್ತಿತ್ತು, ಆದರೆ ಅವಳು ಹೇಳಲಿಲ್ಲ.

ಎರಡನೆಯ ಎಲ್‌ಎಲ್ ಹತ್ತೊಂಬತ್ತರ ಅಕ್ಟೋಬರಿನದು. ಅದು ಮುಗಿಯುವ ಹೊತ್ತಿಗೆ ಸರಿಯಾಗಿ ಲಾಕ್‌ಡೌನ್ ಬಂತು. ಸರ್ಕಾರ ಅಂಥ ಎಲ್ಲ ಕಾಗದಗಳ ಅವಧಿಯನ್ನು ಮತ್ತೆ ಮತ್ತೆ ಮುಂದಕ್ಕೆ ಹಾಕಿತು. ಹೀಗೆ ಆರು ತಿಂಗಳ ಆಯಸ್ಸಿನ ವೈಜಯಂತಿಯ ಎಲ್‌ಎಲ್ ಎರಡು ವರ್ಷದ ಹತ್ತಿರಹತ್ತಿರ ಜೀವ ಹಿಡಿದುಕೊಂಡಿತ್ತು. ಸ್ಕೂಲ್ ಬಾಗಿಲು ಹಾಕಿತ್ತು, ಕಾರು ಅಂಗಳದಲ್ಲಿ ಸುಮ್ಮನೆ ನಿಂತಿತ್ತು. ಈಗ ನಿಮಗೂ ಕೆಲಸವಿಲ್ಲವಲ್ಲ, ಈಗಲಾದರೂ ಕಲಿಸಿ ಎಂದು ಅವಳು ಕೇಳಿದಳು. ಕೆಲಸವಿಲ್ಲದೆ ಕೂತು ಅವನ ತಲೆ ಮೊದಲೇ ಕೆಟ್ಟಿತ್ತು. ಟಿವಿ ಮುಂದೆ ಬಿದ್ದುಕೊಂಡಿರುತ್ತಿದ್ದವನು ಒಂದು ದಿನ, ಅವಳ ಕಾಟ ತಾಳಲಾರದವನಂತೆ ಎದ್ದು ಕೀಲಿಕೈ ತೆಗೆದುಕೊಂಡ.

ಜೂನ್ ತಿಂಗಳು. ದೋಣಿಗಳನ್ನೆಲ್ಲ ದಡಕ್ಕೆ ಎಳೆದಿಟ್ಟಿದ್ದರು. ಕೇಣಿ ರಸ್ತೆಯ ಪಕ್ಕದ ಚಪ್ಪರದಲ್ಲಿ ಐದಾರು ಗಂಡಸರು ಬಲೆ ಸರಿಮಾಡುತ್ತ ಕೂತಿದ್ದರು. ವೈಜಯಂತಿ ಒಂದು ಫರ್ಲಾಂಗು ಚೆನ್ನಾಗಿಯೇ ಓಡಿಸಿದಳು. ಚಪ್ಪರದ ಹತ್ತಿರ ಬಂದಾಗ ಯಾರೋ ಕೈಯೆತ್ತಿ ಕರೆದರು, ಜಗದೀಶ ಕಿಟಕಿಯಿಂದ ತಲೆ ಹೊರಗೆ ಹಾಕಿ ಅವರ ಜೊತೆ ಮಾತಿಗಿಳಿದ. ಅವಳು ಗಾಡಿ ನಿಲ್ಲಿಸಲು ಹೋಗಿ ಕ್ಲಚ್ ಬಿಟ್ಟುಬಿಟ್ಟಳು. ಕಾರು ಮುಂದಕ್ಕೆ ಜಿಗಿದು, ಎಳೆದಿಟ್ಟಿದ್ದ ದೋಣಿಯೊಂದರ ಹಿಂಭಾಗಕ್ಕೆ ಬಡಿದು ನಿಂತಿತು. ಹೆಡ್‌ಲೈಟಿನ ಗಾಜು ಒಡೆಯಿತು. ಯಾರಿಗೂ ಏನೂ ಆಗಲಿಲ್ಲ. ಆದರೆ ಚಪ್ಪರದಲ್ಲಿದ್ದವರು ನಕ್ಕರು.

ಆ ನಗು ಕೇಳಿ ಜಗದೀಶನಿಗೆ ಏನಾಯಿತೋ. ಹತ್ತು ವರ್ಷದಲ್ಲಿ ಯಾವ ವಿದ್ಯಾರ್ಥಿಯ ಮೇಲೂ ಏರದ ದನಿ ಅಂದು ಏರಿತು. "ಇಷ್ಟ್ ವರ್ಷ ನನ್ ಮನೇಲಿದ್ದೂ ಕ್ಲಚ್ ಯಾವ್ದು ಬ್ರೇಕ್ ಯಾವ್ದು ಹೇಳಿ ಗೊತ್ತಾಗೂದಿಲ್ಲ ನಿಂಗೆ. ನಿನ್ ಕೈಲಿ ಆಗೂ ಕೆಲ್ಸ ಅಲ್ಲ ಇದು. ಇಳಿ ಕೆಳಗೆ."

ಅವಳು ಇಳಿದಳು. ಸೆರಗು ತಲೆಯ ಮೇಲೆಳೆದುಕೊಂಡು ಜಿನುಗುವ ಮಳೆಯಲ್ಲಿ ಮನೆಯ ಕಡೆ ನಡೆದುಬಿಟ್ಟಳು. ಅವನು ಕಾರು ಹಿಂದೆ ತೆಗೆದು ಅವಳ ಪಕ್ಕ ತಂದು ನಿಲ್ಲಿಸಿ ಹತ್ತು ಎಂದರೂ ಹತ್ತಲಿಲ್ಲ. ಮಧ್ಯಾಹ್ನ ಊಟಕ್ಕೆ ಬಡಿಸುವಾಗ ಅವಳ ಮುಖದಲ್ಲಿ ಸಿಟ್ಟಿರಲಿಲ್ಲ, ಬೇರೇನೂ ಇರಲಿಲ್ಲ. ಕಾರು ಜಿಗಿದ ಹೊತ್ತಿನಲ್ಲಿ ತನ್ನ ಕಾಲು ಬ್ರೇಕಿನ ಮೇಲೆ ಇರಲಿಲ್ಲ ಎಂಬುದು ಜಗದೀಶನಿಗೆ ಚೆನ್ನಾಗಿ ಗೊತ್ತಿತ್ತು. ಬೇರೆ ಯಾರೇ ಕೂತಿದ್ದರೂ ಇರುತ್ತಿತ್ತು. ಅದನ್ನು ಅವನು ಅವಳ ಹತ್ತಿರ ಹೇಳಲಿಲ್ಲ. ಇವತ್ತು ಹೇಳೋಣ, ನಾಳೆ ಹೇಳೋಣ ಎನ್ನುತ್ತ ಹೇಳದೆಯೇ ಉಳಿದುಬಿಟ್ಟಿತು.

ಮುಂದಿನ ಜನವರಿಯಲ್ಲಿ ಮಗಳು ಅಮಿತಾ ಹದಿನೆಂಟು ತುಂಬಿದವಳು ಕಾರು ಕಲಿಯಬೇಕೆಂದಳು. ಅದೇ ಕಾರಿನಲ್ಲಿ, ಅದೇ ರಸ್ತೆಯ ಮೇಲೆ ಇಪ್ಪತ್ತು ದಿನದಲ್ಲಿ ಅವಳಿಗೆ ಕಲಿಸಿದ. ಅವಳು ಲೈಸೆನ್ಸು ತಂದ ದಿನ ವೈಜಯಂತಿ ಶಿರಾ ಮಾಡಿ ಬೀದಿಯವರಿಗೆಲ್ಲ ಹಂಚಿದಳು. ತಾಯಿಯ ಎಲ್‌ಎಲ್ ಆಗ ಇನ್ನೂ ಚಾಲ್ತಿಯಲ್ಲಿತ್ತು.

ಮೂರನೆಯದು ಇಪ್ಪತ್ತೆರಡರ ಡಿಸೆಂಬರಿನಲ್ಲಿ. ಈ ಸಲ ಅವಳು ತಾನಾಗಿ ಬಸ್‌ಸ್ಟ್ಯಾಂಡಿನ ಹಿಂದಿನ ಕೋಣೆಗೆ ಬಂದು, ಬೇರೆಯವರಂತೆ ಬೆಂಚಿನ ಮೇಲೆ ಕೂತು, ಆಧಾರ್ ಕಾರ್ಡು ಮುಂದಿಟ್ಟಳು. ಅವಳ ತಾಯಿ ಗಂಗೂಗೆ ಆಗ ಲಕ್ವಾ ಹೊಡೆದಿತ್ತು, ಒಂದು ಬದಿ ಬಿದ್ದುಹೋಗಿತ್ತು. ಜಗದೀಶ ಅರ್ಜಿ ಹಾಕಿದ. ಈ ಸಲ ನಿಜವಾಗಿಯೂ ಕಲಿಸಬೇಕು ಎಂದು ಮನಸ್ಸಿನಲ್ಲೇ ಅಂದುಕೊಂಡ. ಜನವರಿಯಲ್ಲಿ ಕಾರು ರಿಪೇರಿಗೆ ಹೋಯಿತು. ಫೆಬ್ರುವರಿಯಲ್ಲಿ ಕಾಲೇಜು ಹುಡುಗರ ಗುಂಪೊಂದು ಬಂತು. ಆಮೇಲೆ ಬಿಸಿಲು.

ಮೇ ತಿಂಗಳ ಒಂದು ಮಂಗಳವಾರ ಬೆಳಿಗ್ಗೆ ಜಗದೀಶ ಆರು ಜನರನ್ನು ಟೆಸ್ಟಿಗೆಂದು ಕಾರವಾರಕ್ಕೆ ಕರೆದೊಯ್ದಿದ್ದ. ಎಂಟು ಗಂಟೆಗೆ ವೈಜಯಂತಿಯ ಫೋನು ಬಂತು. ತಮ್ಮನ ಹೆಂಡತಿ ಕಲಾವತಿ ದೇವಬಾಗದಿಂದ ಫೋನು ಮಾಡಿದ್ದಳಂತೆ, ಆಯಿಗೆ ಉಸಿರು ಸಿಗುತ್ತಿಲ್ಲವಂತೆ. ಹಿಂದೆಯೂ ಎರಡು ಸಲ ಹೀಗೇ ಆಗಿ ಮುದುಕಿ ಚೇತರಿಸಿಕೊಂಡಿದ್ದಳು. ಟೆಸ್ಟ್ ಮುಗಿಯಲು ಮಧ್ಯಾಹ್ನವಾಗುತ್ತದೆ, ನೀನು ಬಸ್ಸಿಗೆ ದೇವಬಾಗಕ್ಕೆ ಹೊರಡು, ನಾನು ಆಮೇಲೆ ಅಲ್ಲಿಗೇ ಬರುತ್ತೇನೆ ಎಂದ ಅವನು. ಅವಳು ಹೂಂ ಎಂದಳು.

ಗಂಗೂ ತೀರಿಕೊಂಡಾಗ ಹನ್ನೊಂದು ಗಂಟೆ. ಆ ಹೊತ್ತಿಗೆ ವೈಜಯಂತಿ ಕಾರವಾರದ ಬಸ್‌ಸ್ಟ್ಯಾಂಡಿನಲ್ಲಿ ಎರಡನೆಯ ಬಸ್ಸಿಗೆ ಕಾಯುತ್ತ ನಿಂತಿದ್ದಳು. ಎಲ್‌ಎಲ್ ಕಾಗದ ಅವಳ ಪರ್ಸಿನಲ್ಲೇ ಇತ್ತು, ಅವಧಿ ಮುಗಿಯಲು ಇನ್ನೂ ಮೂರು ವಾರ ಉಳಿದಿತ್ತು. ಜಗದೀಶ ಅಲ್ಲಿಂದ ದೂರವೇನೂ ಇರಲಿಲ್ಲ. ಕಾರಿನಲ್ಲಿ ಹತ್ತು ನಿಮಿಷದ ದಾರಿ. ಟೆಸ್ಟ್ ಮೈದಾನದಲ್ಲಿ ಬ್ಯಾಂಕಿನ ಮೇಡಮ್ಮಿಗೆ ರಿವರ್ಸ್ ತೆಗೆಯುವುದು ಹೇಗೆಂದು ಕೊನೆಯ ಸಲ ಹೇಳಿಕೊಡುತ್ತಿದ್ದ.

ಎರಡು ಗಂಟೆಗೆ ಅವನು ದೇವಬಾಗ ತಲುಪಿದಾಗ ವೈಜಯಂತಿ ತಾಯಿಯ ಕಾಲ ಬಳಿ ಕೂತಿದ್ದಳು. ಅವನನ್ನು ನೋಡಿ, ಊಟವಾಯಿತೇ ಎಂದು ಕೇಳಿದಳು, ಅಷ್ಟೇ. ಆ ದಿನದ ಬಗ್ಗೆ ಆಮೇಲೂ ಒಂದು ಮಾತು ಆಡಲಿಲ್ಲ. ಎಲ್‌ಎಲ್ ಬಗ್ಗೆಯೂ ಆಡಲಿಲ್ಲ. ಜೂನಿನಲ್ಲಿ ಅದು ಮುಗಿಯಿತು.

ಮರುವರ್ಷ ಆಗಸ್ಟಿನಲ್ಲಿ ಜಗದೀಶ ಸ್ಕೂಲಿನ ಕೋಣೆಯಲ್ಲಿ ಫಾರ್ಮು ತುಂಬುತ್ತಿದ್ದವನು ಕುರ್ಚಿಯಿಂದ ಜಾರಿ ಬಿದ್ದ. ಕೈಕಾಲು ಸೆಟೆದು, ಬಾಯಲ್ಲಿ ನೊರೆ ಬಂದಿತ್ತು. ಕಾರವಾರದ ಡಾಕ್ಟರು ಸ್ಕ್ಯಾನ್ ಮಾಡಿಸಿ, ಇದು ಫಿಟ್ಸ್ ಎಂದರು. ದಿನಕ್ಕೆ ಎರಡು ಹೊತ್ತು ಗುಳಿಗೆ, ತಿಂಗಳಿಗೊಮ್ಮೆ ತಪಾಸಣೆ. ಗಾಡಿಯ ಮಾತೆತ್ತಿದಾಗ ಅವರು ಕಣ್ಣೆತ್ತಿ ನೋಡಿ, ಅದನ್ನು ಮರೆತುಬಿಡಿ ಎಂದರು. ಐವತ್ತಮೂರನೆಯ ವಯಸ್ಸಿಗೆ ಜಗದೀಶ ಸ್ಟಿಯರಿಂಗ್ ಬಿಟ್ಟ.

ಸ್ಕೂಲ್ ನಿಲ್ಲಲಿಲ್ಲ. ಅಗಸೂರಿನ ಚಂದನಾ ಎಂಬ ಹುಡುಗಿ ಹಿಂದೊಮ್ಮೆ ಅವನಲ್ಲೇ ಕಲಿತವಳು, ಮುಂದೆ ಕಲಿಸುವುದಕ್ಕೂ ಪರವಾನಗಿ ಪಡೆದು ಕಾರವಾರದಲ್ಲಿ ಕೆಲಸ ಮಾಡುತ್ತಿದ್ದಳು. ಅವಳನ್ನು ಕರೆಸಿಕೊಂಡ. ಕಾರಿನ ಕೆಲಸ ಅವಳದು, ಕಾಗದದ ಕೆಲಸ ಇವನದು ಎಂದಾಯಿತು.

ತಪಾಸಣೆಗೆ ಗಂಡಹೆಂಡಿರು ಬಸ್ಸಿನಲ್ಲಿ ಹೋಗುತ್ತಿದ್ದರು. ಒಂದು ಸಲ ಸೀಟು ಸಿಗದೆ ಕಂಬಿ ಹಿಡಿದು ನಿಂತಿದ್ದಾಗ ಬಿಣಗಾದ ಹತ್ತಿರ ಅವನಿಗೆ ಕಣ್ಣುಕತ್ತಲೆ ಬಂತು. ವೈಜಯಂತಿ ಎರಡೂ ಕೈಯಿಂದ ಅವನ ಸೊಂಟ ಬಳಸಿ ಹಿಡಿದು, ಕಾರವಾರ ಬರುವತನಕ ಬಿಡದೆ ನಿಂತಳು. ಮರುದಿನ ಅವನು ಮೆಲ್ಲಗೆ, ನಿನ್ನ ಎಲ್‌ಎಲ್ ಇನ್ನೊಮ್ಮೆ ಮಾಡಿಸೋಣವೇ ಎಂದು ಕೇಳಿದ.

"ಎಂತಕ್ಕೆ?" ಎಂದಳು ಅವಳು. ಅಕ್ಕಿ ಆರಿಸುತ್ತಿದ್ದಳು, ಕೈ ನಿಲ್ಲಲಿಲ್ಲ. "ಆಯಿ ಇದ್ದಾಗ ಬೇಕಾಗಿತ್ತು. ಈಗ ನಂಗೆ ಯಾರ ಹತ್ರ ಹೋಗೂಕೆ ಅದೆ?"

ಅವನು ಸ್ಕೂಲಿಗೆ ಹೋಗಿ ಕೂತ. ಹಳೆಯ ಎಲ್‌ಎಲ್ ನಂಬರು ಬೇಕಾದೀತೆಂದು ಫೈಲು ತೆಗೆದರೆ, ಅವಳ ಮೂರೂ ಕಾಗದಗಳ ನಕಲು ಅಲ್ಲೇ ಇತ್ತು. ಮೊದಲನೆಯದರ ತಾರೀಖು ನೋಡಿದ. ಅದು ಅವಳ ಅಪ್ಪ ಸತ್ತು, ತಾಯಿ ಒಂಟಿಯಾದ ಮಳೆಗಾಲದ ಮರುತಿಂಗಳು. ಎರಡನೆಯದು, ಗಂಗೂ ಬಾವಿಕಟ್ಟೆಯಲ್ಲಿ ಜಾರಿ ಸೊಂಟ ಮುರಿದುಕೊಂಡ ವರ್ಷ. ಮೂರನೆಯದು ಲಕ್ವಾ ಹೊಡೆದ ವಾರ. ಮೂರೂ ಅರ್ಜಿಗಳನ್ನು ತನ್ನ ಕೈಯಿಂದಲೇ ತುಂಬಿದ್ದ. ಮನೆಯಲ್ಲಿ ಕಾರಿದೆಯಲ್ಲ, ಅದಕ್ಕೇ ಅವಳಿಗೂ ಒಂದು ಆಸೆ ಎಂದಷ್ಟೇ ಅಂದುಕೊಂಡಿದ್ದ. ಯಾಕೆ ಎಂದು ಒಮ್ಮೆಯೂ ಕೇಳಿರಲಿಲ್ಲ. ಚಂದನಾ ಒಳಗೆ ಬಂದು ಮುಂದಿನ ಪಾಠ ಯಾರದ್ದೆಂದು ಕೇಳಿದಾಗ, ಅವಳು ಎರಡು ಸಲ ಕೇಳಬೇಕಾಯಿತು.

ವಾರ ಕಳೆದ ಮೇಲೆ ವೈಜಯಂತಿ ತಾನೇ ಆಧಾರ್ ಕಾರ್ಡು ತಂದು ಅವನ ಮೇಜಿನ ಮೇಲಿಟ್ಟಳು. "ಮಾಡಿ. ನಿಮ್ಮ ಆಸ್ಪತ್ರೆಗೆ ಬೇಕಾಗ್ತದೆ. ಆದ್ರೆ ನಾನು ಚಂದನಾ ಹತ್ರ ಕಲೀತೆ. ನೀವು ಪಕ್ಕದಲ್ಲಿ ಕೂತ್ಕಳ್ಳೂದು ಬೇಡ."

ಅವನು ಕಾರ್ಡು ಎತ್ತಿಕೊಂಡು ಅರ್ಜಿ ತುಂಬಿದ.

ಎಲ್‌ಎಲ್ ಪರೀಕ್ಷೆಯನ್ನು ಈಗ ಕಂಪ್ಯೂಟರಿನ ಮುಂದೆ ಕೂತಲ್ಲೇ ಬರೆಯಬಹುದು. ಕ್ಯಾಮೆರಾಕ್ಕೆ ಬರೆಯುವವರ ಮುಖವೊಂದೇ ಕಾಣಬೇಕು, ಕೋಣೆಯಲ್ಲಿ ಬೇರೆ ಯಾರೂ ಇರುವಂತಿಲ್ಲ. ಜಗದೀಶ ಹೊರಗೆ ಬಂದು ಬಾಗಿಲೆಳೆದುಕೊಂಡು, ಮೀನುಪೇಟೆಯ ಕಡೆಯಿಂದ ಬರುವವರನ್ನು ನೋಡುತ್ತ ನಿಂತ. ಸ್ವಲ್ಪ ಹೊತ್ತಿಗೆ ಅವಳು ಬಾಗಿಲು ತೆಗೆದಳು. ಹದಿನೈದಕ್ಕೆ ಹದಿನೈದೂ ಸರಿಯಾಗಿತ್ತು. ಆ ಪುಸ್ತಕವನ್ನು ಅವಳು ಒಂಬತ್ತು ವರ್ಷದಿಂದ ಓದುತ್ತಿದ್ದಳಲ್ಲ.

ಚಂದನಾ ಅವಳಿಗೆ ಆರು ವಾರ ಕಲಿಸಿದಳು. ಮೊದಲ ದಿನಗಳಲ್ಲಿ ಬ್ರೇಕ್ ಮೇಲೆ ಕಾಲಿಟ್ಟರೆ ವೈಜಯಂತಕ್ಕನ ಕಾಲು ನಡುಗುತ್ತದೆ, ಯಾರೋ ಬೈಯುತ್ತಾರೆ ಎಂಬ ಹಾಗೆ ಪಕ್ಕಕ್ಕೆ ನೋಡುತ್ತಾರೆ ಎಂದು ಚಂದನಾ ಒಮ್ಮೆ ಅವನ ಹತ್ತಿರ ಹೇಳಿದಳು. ಯಾಕೋ ಗೊತ್ತಿಲ್ಲ ಸರ್ ಎಂದಳು. ಜಗದೀಶ ಫಾರ್ಮಿನಿಂದ ತಲೆ ಎತ್ತಲಿಲ್ಲ. ನಡುಕ ಕ್ರಮೇಣ ಹೋಯಿತು. ಟೆಸ್ಟಿನ ದಿನ ರಿವರ್ಸಿನಲ್ಲಿ ಒಂದು ಕಂಬ ಮುಟ್ಟಿ ನಪಾಸಾದಳು. ಎರಡನೆಯ ಸಲ ಪಾಸಾದಳು. ಗೋವಾದ ಆಸ್ಪತ್ರೆಯಲ್ಲಿ ನರ್ಸ್ ಆಗಿದ್ದ ಅಮಿತಾ ಸುದ್ದಿ ಕೇಳಿ ಫೋನಿನಲ್ಲೇ ಅತ್ತಳಂತೆ.

ಲೈಸೆನ್ಸು ಬಂದ ಮೇಲಿನ ಮೊದಲ ತಪಾಸಣೆಗೆ ವೈಜಯಂತಿಯೇ ಕಾರು ಓಡಿಸಿಕೊಂಡು ಹೋದಳು. ಪಕ್ಕದಲ್ಲಿ ಕೂತ ಜಗದೀಶನ ಕಾಲು ತಾನಾಗಿ ಬ್ರೇಕ್ ಹುಡುಕಿತು. ಅವನು ಕಾಲು ಹಿಂದಕ್ಕೆ ತೆಗೆದು ಮಡಚಿ ಕೂತ. ಅವಳು ಎಲ್ಲೂ ಅವಸರ ಮಾಡಲಿಲ್ಲ, ಎಲ್ಲೂ ಹೆದರಲಿಲ್ಲ. ತಾನು ಕಲಿಸಿದ್ದರೆ ಇಪ್ಪತ್ತು ದಿನ ಸಾಕಿತ್ತು ಎಂದು ಅವನಿಗೆ ಅನಿಸಿತು.

ಡಾಕ್ಟರನ್ನು ಕಂಡು ಹೊರಗೆ ಬಂದ ಮೇಲೆ ಅವಳು ಅಂಕೋಲೆಯ ಕಡೆಗೆ ತಿರುಗಿಸದೆ ನೇರ ಕಾಳಿ ಸೇತುವೆಯತ್ತ ಹೊರಟಳು. ಎಲ್ಲಿಗೆಂದು ಅವನು ಕೇಳಲಿಲ್ಲ. ಹಳೆಯ ಸೇತುವೆ ಬಿದ್ದ ಮೇಲೆ ಎರಡೂ ಕಡೆಯ ವಾಹನಗಳು ಒಂದೇ ಸೇತುವೆಯ ಮೇಲೆ ಓಡಾಡುತ್ತಿದ್ದವು. ಸೇತುವೆಯ ನಡುವೆ, ಇಷ್ಟು ವರ್ಷ ಹೇಳದೆ ಉಳಿದದ್ದನ್ನು ಹೇಳಿಬಿಡಬೇಕೆಂದು ಅವನಿಗೆ ಅನಿಸಿತು.

"ವೈಜಯಂತಿ, ಅವತ್ತು ಕೇಣಿಲಿ ನನ್ ಕಾಲು ಬ್ರೇಕ್ ಮೇಲೆ ಇರ್ಲಿಲ್ಲ. ತಪ್ಪು ನಂದೇ ಆಗಿತ್ತು."

"ಗೊತ್ತದೆ," ಎಂದಳು ಅವಳು ರಸ್ತೆಯಿಂದ ಕಣ್ಣು ತೆಗೆಯದೆ. "ಈಗ ಮಾತಾಡ್ಬೇಡಿ, ಎದ್ರಿಗೆ ಲಾರಿ ಬರ್ತಾ ಅದೆ."

ದೇವಬಾಗದಲ್ಲಿ ಕಲಾವತಿ ಅಂಗಳಕ್ಕೆ ಓಡಿ ಬಂದಳು. ಗಂಡನ ಅಕ್ಕ ಸ್ಟಿಯರಿಂಗ್ ಹಿಂದಿನಿಂದ ಇಳಿಯುವುದನ್ನು ನೋಡಿ ಅವಳ ಕೈ ಹಿಡಿದುಕೊಂಡಳು. ವೈಜಯಂತಿ ತಾಯಿ ಮಲಗುತ್ತಿದ್ದ ಕೋಣೆಗೆ ಹೋದಳು. ಚಹಾ ತಂದುಕೊಟ್ಟ ಕಲಾವತಿ ಜಗದೀಶನ ಎದುರಿಗೆ ಕೆಳಗೆ ಕೂತು, ಅತ್ತೆಯ ಕೊನೆಯ ದಿನಗಳ ಮಾತು ತೆಗೆದಳು. ಅವಳಿಗೆ ಅವನನ್ನು ನೋಯಿಸುವ ಉದ್ದೇಶವಿರಲಿಲ್ಲ.

ಆ ವರ್ಷ ಸಂಕ್ರಾಂತಿಗೆ ಬಂದಾಗ ವೈಜಯಂತಿ ಎಲ್‌ಎಲ್ ಕಾಗದವನ್ನು ತಾಯಿಗೆ ತೋರಿಸಿದ್ದಳಂತೆ. ಇನ್ನೆರಡು ತಿಂಗಳಲ್ಲಿ ನಾನೇ ಕಾರು ತಂದು ನಿನ್ನನ್ನು ಅಂಕೋಲೆಗೆ ಕರೆದೊಯ್ಯುತ್ತೇನೆ ಎಂದಿದ್ದಳಂತೆ. ಮುದುಕಿ ಅದನ್ನು ಬಂದವರಿಗೆಲ್ಲ ತೊದಲುತ್ತ ಹೇಳಿದ್ದೇ ಹೇಳಿದ್ದು.

"ಪಕ್ಕದ ರೆಸಾರ್ಟಿಗೆ ಹೋಗೂ ಕಾರಿನ ಸಪ್ಪಳ ಕೇಳಿದ್ರೂ ಬಾಗ್ಲ ಕಡೆ ನೋಡ್ತಿದ್ರು ಭಾವಾ," ಎಂದಳು ಕಲಾವತಿ. "ಅವತ್ತು ಬೆಳಿಗ್ಗೆನೂ ನೋಡ್ತಿದ್ರು. ವೈಜೂ ಬಂತು, ಗೇಟ್ ತೆಗಿ ಅಂದ್ರು. ನಾನು ಹೋಗಿ ಗೇಟ್ ತೆಗ್ದು ಬಂದೆ. ಸುಳ್ಳೇ."

ಜಗದೀಶ ಲೋಟವನ್ನು ಕೆಳಗಿಟ್ಟ. ಎದ್ದು ಒಳಗೆ ವೈಜಯಂತಿಯ ಹತ್ತಿರ ಹೋಗಬೇಕೆನಿಸಿತು, ಹೋಗಲಿಲ್ಲ. ಸೇತುವೆಯ ಮೇಲೆ ತಾನು ಒಪ್ಪಿಕೊಂಡ ತಪ್ಪು ಇದರ ಮುಂದೆ ಎಷ್ಟು ಸಣ್ಣದು ಎನಿಸಿ, ಗಾಳಿಮರದ ಕೆಳಗೆ ನಿಂತಿದ್ದ ಕಾರನ್ನೇ ನೋಡುತ್ತ ಕೂತ.

ಈಗ ವೈಜಯಂತಿ ತಿಂಗಳಿಗೆ ಒಂದೆರಡು ಸಲ ಒಬ್ಬಳೇ ದೇವಬಾಗಕ್ಕೆ ಹೋಗಿಬರುತ್ತಾಳೆ. ತಾಯಿಯ ತೆಂಗಿನಮರಗಳಿಗೆ ನೀರು ಹಾಕಿಸುತ್ತಾಳೆ, ಕಲಾವತಿಯ ಜೊತೆ ಕೂತು ಮಾತಾಡುತ್ತಾಳೆ. ನಾನೂ ಬರಲೇ ಎಂದು ಜಗದೀಶ ಕೇಳುವುದಿಲ್ಲ, ಬನ್ನಿ ಎಂದು ಅವಳೂ ಕರೆಯುವುದಿಲ್ಲ. ಮನೆಯಲ್ಲಿ ಮಾತುಕತೆ ಮೊದಲಿನಂತೆಯೇ ಇದೆ, ಗುಳಿಗೆಯ ಹೊತ್ತನ್ನು ಅವಳು ತಪ್ಪಿಸುವುದಿಲ್ಲ.

ಸ್ಕೂಲಿನಲ್ಲಿ ಅವನು ಒಂದು ಹೊಸ ಕೆಲಸ ಹಚ್ಚಿಕೊಂಡಿದ್ದಾನೆ. ಪ್ರತಿ ಸೋಮವಾರ ಫೈಲುಗಳನ್ನು ತೆಗೆದು, ಯಾರ ಎಲ್‌ಎಲ್ ಅವಧಿ ತೀರುತ್ತ ಬಂದಿದೆಯೋ ಅವರಿಗೆ ಫೋನು ಮಾಡುತ್ತಾನೆ. ಗಂಡಸರು ಬಂದುಬಿಡುತ್ತಾರೆ. ಹೆಂಗಸರು ಹೆಚ್ಚಾಗಿ, ಮನೆಯಲ್ಲಿ ಕೆಲಸವಿದೆ, ಮುಂದಿನ ವಾರ ನೋಡುತ್ತೇನೆ ಎನ್ನುತ್ತಾರೆ. ಮುಂದಿನ ವಾರಕ್ಕೆ ಮುಂದೂಡಬೇಡಿ ಎಂದು ಅವನಿಗೆ ಹೇಳಬೇಕೆನಿಸುತ್ತದೆ. ಯಾಕೆಂದು ಅವರು ಕೇಳಿದರೆ ಹೇಳಲು ಆಗುವಂಥದಲ್ಲ. ಅಡ್ಡಿಲ್ಲೆ, ನಾಳೆ ಇನ್ನೊಂದು ಸಲ ಫೋನ್ ಮಾಡ್ತೆ ಎಂದು ಹೇಳಿ ಫೋನು ಇಡುತ್ತಾನೆ, ಮರುದಿನ ಮತ್ತೆ ಮಾಡುತ್ತಾನೆ.